ಗುಂಡು ಹೊಡೆದವನಿಗೆ ಹೆಸರು, ಗಾಡಿ ಓಡಿಸಿದವನಿಗೆ?

‘ಲೇ, ಗಾಡಿ ನಿಲ್ಲಸಲೇ, ಎಡಕ್ಕ ಒಬ್ಬ ಅದಾನ!’ ಧಾರವಾಡದವನ ಕೂಗು. ‘ನಿಲ್ಲಿಸ್ಬೇಡ ಮಗಾ, ಓಡ್ಸು ಓಡ್ಸು, ಝೋನ್ ಬರ್ತಾ ಐತೆ’ ಅಂತ ಮಂಡ್ಯದವನು. ಹಿಂದಿನ ಸೀಟಿನಲ್ಲಿದ್ದ ಮೂರನೆಯವನಿಗೆ ಯಾವ ಚಿಂತೆಯೂ ಇರಲಿಲ್ಲ, ಒಂದು ಕೈಯಲ್ಲಿ ಚಿಪ್ಸ್ ತಿನ್ನುತ್ತಿದ್ದ. ನಾನು ಪೂರ್ತಿ ನಿಲ್ಲಿಸಲೂ ಇಲ್ಲ, ಓಡಿಸಲೂ ಇಲ್ಲ. ಅರೆಮನಸ್ಸಿನಲ್ಲಿ ಬ್ರೇಕ್ ಒತ್ತಿದೆ. ಜೀಪು ಬಯಲಿನ ನಟ್ಟನಡುವೆ ತೆವಳಿತು. ಎರಡು ಕಡೆಯಿಂದ ಗುಂಡು ಬಿತ್ತು, ಬೆಂಕಿ ಹತ್ತಿತು, ಸಿಡಿಯಿತು. ನಾಲ್ವರೂ ಒಟ್ಟಿಗೆ ಲಾಬಿಗೆ ವಾಪಸ್. ಹಾಸ್ಟೆಲ್ ರೂಮಿನಲ್ಲಿ ಮೂರು ಜೊತೆ ಕಣ್ಣುಗಳು ನನ್ನನ್ನೇ ನೋಡುತ್ತಿದ್ದವು.

ನಾನು ನಮ್ಮ ಬಿಜಿಎಂಐ ಸ್ಕ್ವಾಡಿನ ಡ್ರೈವರ್. ಎರಡು ವರ್ಷದಿಂದ ಇದೇ ಕೆಲಸ. ಯಾರೂ ನೇಮಿಸಿದ್ದಲ್ಲ. ಮೊದಲ ದಿನ ಗಾಡಿ ಹತ್ತಿರ ನಾನೇ ಇದ್ದೆ, ಹತ್ತಿದೆ, ಆಮೇಲೆ ಇಳಿಯಲು ಯಾರೂ ಬಿಡಲಿಲ್ಲ. (ನಿಜವಾದ ಲೈಸೆನ್ಸ್ ಇದೆಯಾ ಅಂತ ಕೇಳಬೇಡಿ. ಬೈಕಿನಲ್ಲಿ ಎಂಟು ಹಾಕುವಾಗ ಕಾಲು ಊರಿಬಿಟ್ಟೆ. ಇನ್ನೊಮ್ಮೆ ಹೋಗಬೇಕು.)

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ನೂರು ಜನ ವಿಮಾನದಿಂದ ಪ್ಯಾರಾಚೂಟ್ ಕಟ್ಟಿಕೊಂಡು ಒಂದು ದ್ವೀಪಕ್ಕೆ ಹಾರುತ್ತೇವೆ. ಬಂದೂಕು, ಹೆಲ್ಮೆಟ್, ಬ್ಯಾಂಡೇಜ್ ಎಲ್ಲವನ್ನೂ ಮನೆಮನೆಗೆ ನುಗ್ಗಿ ಹುಡುಕಿಕೊಳ್ಳಬೇಕು. ಸುರಕ್ಷಿತ ವೃತ್ತ ಕಿರಿದಾಗುತ್ತಾ ಹೋಗುತ್ತದೆ, ಹೊರಗುಳಿದವರ ಜೀವ ಸ್ವಲ್ಪ ಸ್ವಲ್ಪವೇ ಸೋರುತ್ತದೆ. ಕೊನೆಗೆ ಉಳಿದ ತಂಡ ಗೆದ್ದಂತೆ. ಪಬ್‌ಜಿ ಮೊಬೈಲ್ ಎಂಬ ಹೆಸರಿನಲ್ಲಿದ್ದಾಗ 2020ರ ಸೆಪ್ಟೆಂಬರ್ 2ರಂದು ಸರ್ಕಾರ ಇದನ್ನು ನಿಷೇಧಿಸಿತು. ಆಗ ನಾನು ಹತ್ತನೇ ತರಗತಿ. ಆನ್‌ಲೈನ್ ಕ್ಲಾಸಿಗೆಂದು ಅಪ್ಪ ಕೊಡಿಸಿದ ಫೋನಿನಲ್ಲಿ ಕ್ಲಾಸ್ ಮಾತ್ರ ಉಳಿಯಿತು. 2021ರ ಜುಲೈನಲ್ಲಿ ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಅಂತ ಮರಳಿತು, 2022ರ ಜುಲೈನಲ್ಲಿ ಆಪ್ ಸ್ಟೋರ್‌ಗಳಿಂದ ಮತ್ತೆ ಮಾಯ, 2023ರ ಮೇನಲ್ಲಿ ಮತ್ತೆ ಹಾಜರ್. ನಮ್ಮ ಕೆಲವು ಸಬ್ಜೆಕ್ಟ್‌ಗಳ ಬ್ಯಾಕ್‌ಲಾಗ್ ಕೂಡ ಇಷ್ಟು ಸಲ ಹೋಗಿ ಬಂದಿಲ್ಲ.

ನನ್ನ ತಕರಾರು ನಿಷೇಧದ ಬಗ್ಗೆ ಅಲ್ಲ. ಆಡುವವರ ಬಗ್ಗೆ. ಈ ಆಟವನ್ನು ನಾವು ಬಂದೂಕಿನ ಆಟ ಅಂದುಕೊಂಡಿದ್ದೇವೆ. ನನಗೆ ಕಂಡಂತೆ ಅದರಲ್ಲಿ ಅರ್ಧ ಗಾಡಿಯ ಆಟ. ಆ ಅರ್ಧವನ್ನು ಯಾರೂ ಕಲಿಯುವುದಿಲ್ಲ, ಕಲಿತವನನ್ನು ಯಾರೂ ಲೆಕ್ಕಕ್ಕಿಡುವುದಿಲ್ಲ.

ಲೆಕ್ಕ ಹಾಕಿ ನೋಡೋಣ. ಎರಾಂಗಲ್ ಎಂಬ ಹಳೆಯ ಮ್ಯಾಪು 8 ಕಿ.ಮೀ. ಉದ್ದ, 8 ಕಿ.ಮೀ. ಅಗಲ. ಬಂದೂಕು ಬೆನ್ನಿಗೆ ಹಾಕಿಕೊಂಡು ನಮ್ಮ ಆಟಗಾರ ಜೋರಾಗಿ ಓಡಿದರೂ ಸೆಕೆಂಡಿಗೆ ಹೆಚ್ಚುಕಡಿಮೆ 6 ಮೀಟರ್. ಒಂದು ಕಿಲೋಮೀಟರಿಗೆ ಎರಡೂವರೆ ನಿಮಿಷಕ್ಕಿಂತ ಜಾಸ್ತಿ. ಜೀಪಿನ ಮೀಟರ್ 100 ತೋರಿಸುತ್ತಿದ್ದರೆ ಅದೇ ದೂರಕ್ಕೆ 36 ಸೆಕೆಂಡ್. ಉಳಿದ ಎರಡು ನಿಮಿಷವೇ ಗಾಡಿ ಕೊಡುವ ನಿಜವಾದ ಲಾಭ. ಆ ಎರಡು ನಿಮಿಷದಲ್ಲಿ ಗುಡ್ಡದ ಮೇಲಿನ ಮನೆ ನಮ್ಮದಾಗುತ್ತದೆ. ಆಮೇಲೆ ಓಡಿ ಬರುವವನು ಕೆಳಗಿನ ಬಯಲಿನಲ್ಲಿ ಏದುಸಿರು ಬಿಡುತ್ತಿರುತ್ತಾನೆ, ನಾವು ಕಿಟಕಿಯಲ್ಲಿ ನಿಂತಿರುತ್ತೇವೆ. ಆಗ ಅವನ ಗುರಿ ಎಷ್ಟು ಚೆನ್ನಾಗಿದ್ದರೂ ಅಷ್ಟೇ. ಒಳ್ಳೆಯ ಜಾಗದಲ್ಲಿರುವ ಸಾಧಾರಣ ಗುರಿಕಾರ ಕೆಟ್ಟ ಜಾಗದಲ್ಲಿ ಸಿಕ್ಕಿಬಿದ್ದ ಜಾಣ ಗುರಿಕಾರನನ್ನು ಹೊಡೆದು ಹಾಕುತ್ತಾನೆ. ಇದನ್ನು ನಾನು ಎರಡು ಕಡೆಯಿಂದಲೂ ಅನುಭವಿಸಿದ್ದೇನೆ.

ಆದರೆ ನಮ್ಮವರಿಗೆ ಗಾಡಿ ಸಿಕ್ಕಿದ ಕೂಡಲೇ ಬರುವ ಮೊದಲ ಯೋಚನೆ ಯಾರ ಮೇಲಾದರೂ ಹತ್ತಿಸುವುದು. ನಾನೂ ಮಾಡಿದ್ದೇನೆ, ಸುಳ್ಳು ಹೇಳುವುದಿಲ್ಲ. ಹತ್ತಕ್ಕೆ ಒಂದು ಸಲ ಸಿಗುತ್ತಾನೆ, ಉಳಿದ ಒಂಬತ್ತು ಸಲ ಮರಕ್ಕೆ ಗುದ್ದಿ, ಬಂಡೆಗೆ ಸಿಕ್ಕಿ, ಪಲ್ಟಿ ಹೊಡೆದು ಸಾಯುತ್ತೇವೆ. ಆ ಒಂದರ ವಿಡಿಯೊ ಸ್ಟೇಟಸ್‌ಗೆ ಹೋಗುತ್ತದೆ, ಒಂಬತ್ತು ಹೋಗುವುದಿಲ್ಲ. ಇನ್ನೊಂದು ಜಾತಿಯವರಿದ್ದಾರೆ, ಗಾಡಿಯನ್ನು ಬಾಡಿಗೆ ಆಟೊದಂತೆ ಮನೆ ಬಾಗಿಲಿಗೇ ತಂದು ನಿಲ್ಲಿಸುವವರು. (ಸ್ಯಾನ್‌ಹಾಕ್ ಮ್ಯಾಪಿನಲ್ಲಿ ನಿಜವಾಗಿಯೂ ಒಂದು ಆಟೊ ಇದೆ, ಟುಕ್‌ಶಾಯ್ ಅಂತ. ಮೀಟರ್ ಹಾಕಿ ಅಂತ ಜಗಳ ಮಾಡಬೇಕಾಗಿಲ್ಲದ ಏಕೈಕ ಆಟೊ.) ಎಂಜಿನ್ ಸದ್ದು ದೂರದವರೆಗೆ ಕೇಳುತ್ತದೆ. ಸದ್ದು ಬಂತು, ಹತ್ತಿರವಾಯಿತು, ನಿಂತಿತು ಎಂದರೆ ಕಿವಿಗೆ ಇಯರ್‌ಫೋನ್ ಹಾಕಿಕೊಂಡ ಎದುರಾಳಿಗೆ ಪೂರ್ತಿ ವಿಳಾಸ ಕೊಟ್ಟ ಹಾಗೆ. ಮೇಲೆ ಬಾಗಿಲ ಮುಂದೆ ಜೀಪು ಬೇರೆ, ನೇಮ್ ಪ್ಲೇಟ್ ಥರ. ಸ್ವಲ್ಪ ಹಿಂದೆ, ಗುಡ್ಡದ ಆಚೆ ಇಳಿಜಾರಿನಲ್ಲಿ ನಿಲ್ಲಿಸಿ ನಡೆದು ಬನ್ನಿ ಅಂದರೆ ‘ಅಷ್ಟು ದೂರ ಯಾರು ನಡೀತಾರೆ’ ಅನ್ನುತ್ತಾರೆ. ಮೆಸ್ಸಿಗೆ ನಡೆಯಲೂ ಇದೇ ಮಾತು.

ಗಾಡಿ ಹತ್ತುವುದಕ್ಕಿಂತ ಇಳಿಯುವುದು ಕಷ್ಟದ ವಿದ್ಯೆ. ಓಡುತ್ತಿರುವ ಗಾಡಿಯಿಂದ ಹಾರಿದರೆ ಜೀವ ಕಡಿಮೆಯಾಗುತ್ತದೆ. ನಿಲ್ಲಿಸಿ ಇಳಿದರೆ ಆ ಕ್ಷಣಕ್ಕೆ ನಾವು ನಿಂತ ಗುರಿ. ಹಾಗಾಗಿ ಎಲ್ಲಿ ಇಳಿಯಬೇಕು ಎನ್ನುವುದನ್ನು ಹತ್ತುವ ಮೊದಲೇ ತೀರ್ಮಾನ ಮಾಡಿರಬೇಕು. ಬಂಡೆಯೋ ಗೋಡೆಯೋ ಇರುವ ಕಡೆ, ಗಾಡಿಯನ್ನು ಅಡ್ಡ ತಿರುಗಿಸಿ, ಗುಂಡು ಬರುವ ದಿಕ್ಕಿಗೆ ಗಾಡಿಯ ಮೈ ಇರುವ ಹಾಗೆ ನಿಲ್ಲಿಸಬೇಕು. ಮೇಲೆ ಹೇಳಿದ ಬಯಲಿನ ಕಥೆಯಲ್ಲಿ ನನ್ನ ತಪ್ಪು ಅದೇ. ಧಾರವಾಡದವನ ಮಾತು ಕೇಳಿದ್ದರೂ ಬದುಕುತ್ತಿದ್ದೆವೇನೋ, ಮಂಡ್ಯದವನ ಮಾತು ಕೇಳಿದ್ದರೂ ಬದುಕುತ್ತಿದ್ದೆವೇನೋ. ಇಬ್ಬರದನ್ನೂ ಅರ್ಧರ್ಧ ಕೇಳಿ ಸತ್ತೆವು.

ಸೇತುವೆಯ ಕಥೆ ಹೇಳದಿದ್ದರೆ ಈ ಲೇಖನ ಪೂರ್ತಿಯಾಗುವುದಿಲ್ಲ. ಎರಾಂಗಲ್‌ನ ದಕ್ಷಿಣಕ್ಕೆ ಒಂದು ಪ್ರತ್ಯೇಕ ದ್ವೀಪವಿದೆ, ಅದರಲ್ಲಿ ಮಿಲಿಟರಿ ಬೇಸ್. ದೊಡ್ಡ ಭೂಭಾಗದಿಂದ ಅಲ್ಲಿಗೆ ಹೋಗಲು ಇರುವುದು ಎರಡೇ ಸೇತುವೆ. ವೃತ್ತ ಆ ದ್ವೀಪದ ಮೇಲೆ ಬಿತ್ತೆಂದರೆ ಅರ್ಧ ಮ್ಯಾಪಿನ ಜನ ಆ ಎರಡು ಸೇತುವೆಗೆ ನುಗ್ಗಬೇಕು. ಆಡುವವರಿಗೆಲ್ಲ ಗೊತ್ತು, ಸೇತುವೆಯ ಆಚೆ ತುದಿಯಲ್ಲಿ ಯಾರಾದರೂ ಕಾದು ಕೂತೇ ಇರುತ್ತಾರೆ, ಟೋಲ್ ಗೇಟಿನವರ ಹಾಗೆ. ಆದರೂ ನಾವು ಹೋಗುತ್ತೇವೆ. ಒಂದು ರಾತ್ರಿ ಹಾಗೇ ಹೋದೆವು. ಪೊಚಿಂಕಿಯಲ್ಲಿ ಲೂಟ್ ಮಾಡುತ್ತಾ ಮಾಡುತ್ತಾ ಹೊತ್ತಾಗಿತ್ತು. ಮೂವರೂ ‘ಇನ್ನೊಂದು ಮನೆ, ಇನ್ನೊಂದೇ ಮನೆ’ ಅಂದರು, ನಾನು ಸುಮ್ಮನಿದ್ದೆ. ಕೊನೆಗೆ ಹಿಂದಿನಿಂದ ನೀಲಿ ಗೋಡೆ ಬರುತ್ತಿದೆ, ಮುಂದೆ ಸೇತುವೆ. ಬೂಸ್ಟ್ ಒತ್ತಿ ನುಗ್ಗಿಸಿದೆ. ಅರ್ಧ ದಾಟಿದ್ದೆವು. ಆಚೆ ತುದಿಯಲ್ಲಿ ಎರಡು ಕಾರು ಅಡ್ಡ ನಿಲ್ಲಿಸಿದ್ದರು. ಎಡಕ್ಕೆ ಕಂಬಿ, ಬಲಕ್ಕೆ ಕಂಬಿ, ಕೆಳಗೆ ನೀರು. ಮುಂದಿನ ಟೈರ್ ಹೋಯಿತು, ಗಾಡಿ ಓರೆಯಾಯಿತು. ಆಮೇಲಿನದು ಹೇಳುವುದು ಬೇಡ.

ಆವತ್ತು ಎಲ್ಲರೂ ಬೈದದ್ದು ನನ್ನ ಡ್ರೈವಿಂಗಿಗೆ. ರಾತ್ರಿಯೆಲ್ಲ ಯೋಚಿಸಿದೆ, ಹೇಗೆ ತಿರುಗಿಸಿದ್ದರೆ ಬಚಾವಾಗುತ್ತಿದ್ದೆವು ಅಂತ. ಬೆಳಗಿನ ಜಾವ ಹೊಳೆಯಿತು, ಸ್ಟಿಯರಿಂಗಿನಲ್ಲಿ ಉತ್ತರವೇ ಇರಲಿಲ್ಲ. ಐದು ನಿಮಿಷ ಮೊದಲು ಹೊರಟಿದ್ದರೆ ಆಚೆ ತುದಿಯಲ್ಲಿ ಕಾರು ಅಡ್ಡ ಹಾಕಿ ಕೂರುವವರು ನಾವಾಗಿರುತ್ತಿದ್ದೆವು. ಅದೂ ಬೇಡವೆಂದರೆ ದಂಡೆಯಲ್ಲಿ ದೋಣಿ ಹುಡುಕಬಹುದಿತ್ತು. ದೋಣಿಯಲ್ಲಿ ಅಡ್ಡಕ್ಕೆ ಏನೂ ಇಲ್ಲ ನಿಜ, ಸದ್ದೂ ಮಾಡುತ್ತದೆ, ಆದರೆ ಅಷ್ಟುದ್ದದ ತೀರವನ್ನು ಯಾರೂ ಪೂರ್ತಿ ಕಾಯಲಾರರು. ಸೇತುವೆಯನ್ನು ಇಬ್ಬರು ಕಾದರೆ ಸಾಕು. ನಾವು ಸತ್ತದ್ದು ಸೇತುವೆಯಲ್ಲಲ್ಲ, ಪೊಚಿಂಕಿಯ ಆ ಕೊನೆಯ ಮನೆಯಲ್ಲಿ. ಅಲ್ಲಿ ಸಿಕ್ಕಿದ್ದೇನು ಗೊತ್ತಾ? ಒಂದು ಫ್ರೈಯಿಂಗ್ ಪ್ಯಾನು.

ಇದನ್ನು ಹೇಳಿದಾಗ ರೂಮಿನಲ್ಲಿ ನಕ್ಕರು. ಆದರೆ ಆ ವಾರದಿಂದ ‘ಹೊರಡೋಣ’ ಎಂದು ಹೇಳುವ ಅಧಿಕಾರ ನನಗೆ ಬಂತು. ಹಾರ್ನ್ ಎರಡು ಸಲ ಹೊಡೆದರೆ ಹತ್ತಲೇಬೇಕು, ಹತ್ತದಿದ್ದರೆ ಬಿಟ್ಟು ಹೋಗುತ್ತೇನೆ. ಎರಡು ಸಲ ನಿಜಕ್ಕೂ ಬಿಟ್ಟು ಹೋದೆ, ಮೂರನೇ ಸಲ ಎಲ್ಲರೂ ಟೈಮಿಗೆ ಸರಿಯಾಗಿ ಬಂದರು.

ಕೊನೆಯ ವೃತ್ತಗಳಲ್ಲಂತೂ ಗಾಡಿ ಓಡಿಸುವ ವಸ್ತುವೇ ಅಲ್ಲ, ಗೋಡೆ. ವೃತ್ತ ಹುಲ್ಲುಗಾವಲಿನ ಮೇಲೆ ಮುಚ್ಚಿಕೊಂಡರೆ ಅಲ್ಲಿ ಮರವೂ ಇಲ್ಲ, ಮನೆಯೂ ಇಲ್ಲ. ಆಗ ಎರಡು ಗಾಡಿಯನ್ನು ಮೂಲೆಗೆ ಮೂಲೆ ಸೇರಿಸಿ ನಿಲ್ಲಿಸಿದರೆ ಎರಡು ದಿಕ್ಕಿಗೆ ಮರೆ ಸಿಗುತ್ತದೆ. ಗಾಡಿಯ ಅಡಿಯಲ್ಲಿ ಸಂದು ಇರುತ್ತದೆ, ಮಲಗಿದವನ ಕಾಲಿಗೆ ಅಲ್ಲಿಂದ ಗುಂಡು ಬರುತ್ತದೆ. ಅದಕ್ಕೇ ನಮ್ಮ ಗಾಡಿಯ ಟೈರಿಗೆ ನಾವೇ ಗುಂಡು ಹೊಡೆದು ಗಾಡಿಯನ್ನು ಕೂರಿಸುತ್ತೇವೆ. ಮೊದಲ ಸಲ ನಾನು ಹೀಗೆ ಮಾಡಿದಾಗ ಮಂಡ್ಯದವನು ‘ಏನ್ ಮಗಾ, ಹುಚ್ಚು ಹಿಡೀತಾ’ ಅಂದ. ಮುಂದಿನ ಅರ್ಧ ನಿಮಿಷ ಆ ಸಂದಿನಲ್ಲಿ ಬಂದ ಗುಂಡೆಲ್ಲ ತಗಡಿಗೆ ಬಿದ್ದವು. ಆದರೆ ಗೋಡೆ ಎಂದು ಅದನ್ನೇ ತಬ್ಬಿಕೊಂಡು ಕೂರುವಂತಿಲ್ಲ. ಇದು ಸಿಡಿಯುವ ಗೋಡೆ. ಹೊಗೆ ಹೆಚ್ಚಾಯಿತು, ಬೆಂಕಿ ಕಾಣಿಸಿತು ಎಂದರೆ ಕೆಲವೇ ಸೆಕೆಂಡ್. ಅಷ್ಟರಲ್ಲಿ ಸ್ಮೋಕ್ ಗ್ರೆನೇಡ್ ಎಸೆದು ದೂರ ಸರಿಯಬೇಕು. ಗಾಡಿ ಉಳಿಸಿಕೊಂಡು ಬಂದವರು ಇಷ್ಟಾದರೂ ಮಾಡಬಹುದು, ಬಿಟ್ಟು ಬಂದವರು ಹುಲ್ಲಿನಲ್ಲಿ ಮಲಗಿ ದೇವರನ್ನು ನೆನೆಯಬೇಕು.

ದೊಡ್ಡ ಟೂರ್ನಿಗಳ ಪಂದ್ಯ ಯೂಟ್ಯೂಬಿನಲ್ಲಿ ನೋಡುವಾಗ ಗಮನಿಸಿ. ನಾಲ್ಕೇ ಜನರ ತಂಡ ಎರಡು, ಮೂರು, ಕೆಲವೊಮ್ಮೆ ನಾಲ್ಕು ಗಾಡಿಯಲ್ಲಿ ಹೋಗುತ್ತಿರುತ್ತದೆ. ನಾವು ನಾಲ್ವರೂ ಒಂದೇ ಜೀಪಿನಲ್ಲಿ ತುಂಬಿಕೊಳ್ಳುತ್ತೇವೆ, ಜಾತ್ರೆಗೆ ಹೊರಟ ಹಾಗೆ. ಒಂದೇ ಜೀಪು ಸಿಡಿದರೆ ಪಂದ್ಯವೇ ಮುಗಿಯಿತು. ಎರಡಿದ್ದರೆ ಒಂದು ಮುಂದೆ ಹೋಗಿ ನೋಡಬಹುದು, ಅದಕ್ಕೆ ಗುಂಡು ಬಿದ್ದರೆ ಇನ್ನೊಂದು ತಿರುಗಿಕೊಳ್ಳಬಹುದು, ಕೊನೆಯಲ್ಲಿ ಎರಡು ಗೋಡೆಯೂ ಸಿಗುತ್ತದೆ. ನಮ್ಮಲ್ಲಿ ಇದು ನಡೆಯದಿರಲು ಕಾರಣ ಒಂದೇ. ಎರಡನೇ ಗಾಡಿ ಓಡಿಸಲು ಯಾರೂ ಒಪ್ಪುವುದಿಲ್ಲ. ಓಡಿಸುವವನು ಗುಂಡು ಹೊಡೆಯುವಂತಿಲ್ಲವಲ್ಲ!

ಅಲ್ಲಿಗೆ ಬಂತು ವಿಷಯ. ಡ್ರೈವರ್ ಸೀಟಿನಲ್ಲಿರುವವನಿಗೆ ಬಂದೂಕು ಇದ್ದೂ ಇಲ್ಲ. ಪಕ್ಕದವನು ಕಿಟಕಿಯಿಂದ ಬಾಗಿ ಹೊಡೆಯುತ್ತಾನೆ, ಹೆಸರು ಅವನದು ಪರದೆಯ ಮೂಲೆಯಲ್ಲಿ ಮಿಂಚುತ್ತದೆ. ಅವನ ಗುರಿ ಅಲುಗದಂತೆ ನೇರ ಓಡಿಸಿದವನ, ಗುಂಡಿ ತಪ್ಪಿಸಿದವನ, ಪೆಟ್ರೋಲ್ ಎಷ್ಟಿದೆ ಎಂದು ನೋಡಿಕೊಂಡವನ ಹೆಸರು ಎಲ್ಲೂ ಬರುವುದಿಲ್ಲ. ಪಂದ್ಯ ಮುಗಿದಾಗ ದೊಡ್ಡದಾಗಿ ಕಾಣುವುದು ಫಿನಿಶ್ ಎಷ್ಟು, ಡ್ಯಾಮೇಜ್ ಎಷ್ಟು ಎಂಬ ಅಂಕಿ. ಡ್ರೈವರಿಗೆಂದು ಒಂದು ಕಾಲಂ ಇಲ್ಲ. ಮದುವೆ ಮನೆಯ ಅಡುಗೆ ಭಟ್ಟರ ಹಾಗೆ. ಊಟ ಚೆನ್ನಾಗಿದ್ದರೆ ಹುಡುಗ ಹುಡುಗಿಗೆ ಶುಭಾಶಯ, ಸಾರಿಗೆ ಉಪ್ಪು ಹೆಚ್ಚಾದರೆ ಮಾತ್ರ ‘ಯಾರ್ರೀ ಅಡುಗೆಯವರು?’

ಎಲ್ಲ ಆಟಗಳೂ ಹೀಗಿಲ್ಲ. 2001ರಲ್ಲಿ ಬಂದ ಹೇಲೊದಲ್ಲಿ ವಾರ್ಟ್‌ಹಾಗ್ ಎಂಬ ಜೀಪಿದೆ. ಒಬ್ಬ ಓಡಿಸಬೇಕು, ಹಿಂದೆ ನಿಂತ ಇನ್ನೊಬ್ಬ ಮೆಷಿನ್‌ಗನ್ ಹಿಡಿಯಬೇಕು. ಒಬ್ಬರಿಲ್ಲದೆ ಇನ್ನೊಬ್ಬರು ದಂಡ. ಅದೇ ಸರಣಿಯ 2007ರ ಹೇಲೊ 3ರಲ್ಲಿ ಹಿಂದಿನವನು ಹೊಡೆದರೆ ಓಡಿಸಿದವನಿಗೂ ‘ವೀಲ್‌ಮ್ಯಾನ್’ ಎಂಬ ಪದಕ ಬರುತ್ತದೆ. 2005ರ ಬ್ಯಾಟಲ್‌ಫೀಲ್ಡ್ 2ರಲ್ಲೂ ಡ್ರೈವರಿಗೆ ಪಾಲಿನ ಅಂಕವಿತ್ತು. ಸೀನಿಯರ್ ಒಬ್ಬರ ಲ್ಯಾಪ್‌ಟಾಪಿನಲ್ಲಿ ಹೇಲೊ ಆಡುವಾಗ ಆ ಚಿಕ್ಕ ಪದಕ ಮೊದಲ ಸಲ ಪರದೆ ಮೇಲೆ ಬಂತು. ಸುಮ್ಮನೆ ಒಂದು ಚಿತ್ರ, ಒಂದು ಸೆಕೆಂಡ್ ಇರುತ್ತದೆ ಅಷ್ಟೇ. ಆದರೂ ಯಾರೋ ನೋಡಿದರು ಅನ್ನಿಸಿತು.

ಇಷ್ಟೆಲ್ಲ ಬರೆಯಲು ಕಾರಣವಿದೆ. ಕಳೆದ ಸೆಮಿಸ್ಟರಿನಲ್ಲಿ ಬೇರೊಂದು ಕಾಲೇಜಿನ ಫೆಸ್ಟಿನಲ್ಲಿ ಬಿಜಿಎಂಐ ಟೂರ್ನಿ ಇತ್ತು. ಹದಿನಾರು ತಂಡ, ಮೂರು ಪಂದ್ಯ. ಹೆಸರು ಕೊಡುವ ಹಿಂದಿನ ದಿನ ಮಂಡ್ಯದವನು ರೂಮಿನ ಹೊರಗೆ ಕರೆದ. ‘ಬೇಜಾರ್ ಮಾಡ್ಕೋಬೇಡ ಮಗಾ. ಮೆಕ್ಯಾನಿಕಲ್‌ನ ಒಬ್ಬ ಹುಡ್ಗ ಇದಾನೆ, ಸಖತ್ತಾಗಿ ಹೊಡೀತಾನೆ. ಈ ಸಲ ಅವ್ನನ್ನ ಹಾಕ್ಕೊಳೋಣ ಅಂತ. ಗಾಡಿ ಯಾರ್ ಬೇಕಾದ್ರೂ ಓಡಿಸ್ಬೋದಲ್ವಾ?’

ಯಾರು ಬೇಕಾದರೂ ಓಡಿಸಬಹುದು. ಆ ಒಂದು ಮಾತು ಗಂಟಲಲ್ಲಿ ಸಿಕ್ಕಿಕೊಂಡಿತು. ‘ಸರಿ’ ಅಂದೆ. ಬೇರೆ ಏನು ಹೇಳಲಿ? ನನ್ನ ಫಿನಿಶ್ ಸರಾಸರಿ ಎಲ್ಲರಿಗೂ ಗೊತ್ತಿತ್ತು.

ಅವರ ಜೊತೆ ಹೋಗಿ ಹಿಂದಿನ ಬೆಂಚಿನಲ್ಲಿ ಕೂತು ನೋಡಿದೆ. ಹೊಸ ಹುಡುಗ ನಿಜವಾಗಿಯೂ ಹೊಡೆಯುತ್ತಿದ್ದ. ಮೊದಲ ಪಂದ್ಯದಲ್ಲಿ ಒಬ್ಬನೇ ಐದು. ಆದರೆ ಮೂರು ಪಂದ್ಯದಲ್ಲೂ ಗಾಡಿ ಯಾರದು ಎಂಬುದು ತೀರ್ಮಾನವಾಗಲೇ ಇಲ್ಲ. ಇಳಿದವರು ಇಳಿದಲ್ಲೇ ಬಿಟ್ಟರು, ಮತ್ತೆ ಹುಡುಕಿದರು, ಝೋನಿನ ಹೊರಗೆ ಓಡಿದರು. ಎರಡನೇ ಪಂದ್ಯದಲ್ಲಿ ಒಬ್ಬರಿಗೊಬ್ಬರು ‘ನೀನು ಓಡ್ಸು’ ಎನ್ನುತ್ತಲೇ ಸತ್ತರು. ಅಂಕದ ಪಟ್ಟಿಯನ್ನು ನಾನು ನೋಟ್‌ಬುಕ್ಕಿನ ಹಿಂದಿನ ಹಾಳೆಯಲ್ಲಿ ಬರೆದುಕೊಂಡೆ. ಅಲ್ಲಿ ಅಧಿಕೃತ ಟೂರ್ನಿಗಳ ಲೆಕ್ಕವನ್ನೇ ಇಟ್ಟಿದ್ದರು. ಒಂದು ಫಿನಿಶ್‌ಗೆ 1 ಅಂಕ. ಮೊದಲ ಸ್ಥಾನಕ್ಕೆ 10, ಎರಡಕ್ಕೆ 6, ಮೂರಕ್ಕೆ 5, ಹೀಗೇ ಇಳಿಯುತ್ತಾ ಏಳು, ಎಂಟನೇ ಸ್ಥಾನಕ್ಕೆ 1. ಒಂಬತ್ತರಿಂದ ಮುಂದೆ ಸೊನ್ನೆ. ನಮ್ಮವರು ಒಟ್ಟು 19 ಫಿನಿಶ್ ಮಾಡಿದ್ದರು, ಸ್ಥಾನಗಳು 9, 12, 6. ಅಂದರೆ 19 ಮತ್ತು 2, ಒಟ್ಟು 21. ಗೆದ್ದ ತಂಡದ ಫಿನಿಶ್ ಬರೀ 14. ಸ್ಥಾನಗಳು 1, 3, 2. ಅದಕ್ಕೇ 21 ಬಂತು, ಒಟ್ಟು 35.

ಆ ತಂಡದಲ್ಲಿ ಒಬ್ಬಳು ಹುಡುಗಿ ಇದ್ದಳು. ಮೂರೂ ಪಂದ್ಯದಲ್ಲಿ ಮುಂದಿನ ಗಾಡಿ ಅವಳದೇ. ಅವಳ ಫಿನಿಶ್ ಮೂರೋ ನಾಲ್ಕೋ ಇರಬೇಕು. ಟ್ರೋಫಿ ಕೊಡುವಾಗ ‘ಮೋಸ್ಟ್ ಫಿನಿಶಸ್’ ಬಹುಮಾನ ಬೇರೆ ಯಾರಿಗೋ ಹೋಯಿತು. ಅವಳು ಚಪ್ಪಾಳೆ ತಟ್ಟುತ್ತಿದ್ದಳು.

ನಾನಿದ್ದಿದ್ದರೆ ಗೆಲ್ಲುತ್ತಿದ್ದೆವು ಎಂದು ಹೇಳುತ್ತಿಲ್ಲ. ಬಯಲಿನಲ್ಲಿ ಅರೆಬ್ರೇಕ್ ಒತ್ತಿದವನೂ ನಾನೇ. ಹೊಡೆಯುವವರಿಲ್ಲದ ತಂಡವೂ ಉಳಿಯುವುದಿಲ್ಲ, ಎಷ್ಟು ಚೆನ್ನಾಗಿ ಓಡಿಸಿದರೂ ಕೊನೆಗೆ ಯಾರನ್ನಾದರೂ ಹೊಡೆಯಲೇಬೇಕು. ಮೆಕ್ಯಾನಿಕಲ್ ಹುಡುಗನ ಅರ್ಧದಷ್ಟು ಗುರಿ ನನಗಿಲ್ಲ. ಡ್ರೈವರ್‌ಗಳಲ್ಲೂ ಒಂದು ಕೆಟ್ಟ ಚಾಳಿಯಿದೆ, ಜಗಳವಾಡಲೇಬೇಕಾದ ಕಡೆಯೂ ಗಾಡಿ ಹತ್ತಿ ಓಡುವುದು. ಧಾರವಾಡದವನು ಇದನ್ನು ನನ್ನ ಮುಖಕ್ಕೇ ಹೇಳಿದ್ದಾನೆ. ‘ನೀ ಆಟ ಆಡಂಗಿಲ್ಲಲೇ, ಟೂರ್ ಮಾಡ್ತಿ’ ಅಂತ. ತಪ್ಪಿಲ್ಲ ಬಿಡಿ. ನಾನು ಕೇಳುತ್ತಿರುವುದು ಇಷ್ಟೇ, ‘ಯಾರು ಬೇಕಾದರೂ ಓಡಿಸಬಹುದು’ ಎನ್ನುವವರು ಒಂದು ಪಂದ್ಯ ಓಡಿಸಿ ನೋಡಲಿ. ಮೂರು ಜನ ಮೂರು ದಿಕ್ಕು ಹೇಳುವಾಗ, ಕೈಯಲ್ಲಿ ಬಂದೂಕಿಲ್ಲದೆ, ಎಲ್ಲರ ಜೀವ ಹೊತ್ತುಕೊಂಡು.

ಬರುವ ತಿಂಗಳು ನಮ್ಮ ಕಾಲೇಜಿನದೇ ಫೆಸ್ಟ್. ಗೇಮಿಂಗ್ ವಿಭಾಗದ ಕಮಿಟಿಯಲ್ಲಿ ನಾನಿದ್ದೇನೆ, ಅಂದರೆ ಎಕ್ಸ್‌ಟೆನ್ಷನ್ ಬಾಕ್ಸ್ ತರುವುದು, ವೈಫೈ ಪಾಸ್‌ವರ್ಡ್ ಹೇಳುವುದು ನನ್ನ ಕೆಲಸ. ಮೊನ್ನೆ ಮೀಟಿಂಗಿನಲ್ಲಿ ‘ಬೆಸ್ಟ್ ಡ್ರೈವರ್’ ಎಂಬ ಬಹುಮಾನ ಇಡೋಣ ಅಂದೆ. ಮೊದಲು ಎಲ್ಲರೂ ನಕ್ಕರು. ಆಮೇಲೆ ಒಬ್ಬ ಕೇಳಿದ, ‘ಅಳೆಯೋದು ಹೇಗೆ?’ ಓಡಿಸಿದ ಕಿಲೋಮೀಟರ್ ಎಂದರೆ ಸುಮ್ಮನೆ ಸುತ್ತುವವನಿಗೆ ಹೋಗುತ್ತದೆ. ತಂಡದ ಸ್ಥಾನ ಎಂದರೆ ಡ್ರೈವರಿಗೇ ಯಾಕೆ ಕೊಡಬೇಕು? ಕೊನೆಯ ಐದು ತಂಡದೊಳಗೆ ಬಂದಾಗ ಗಾಡಿ ಇನ್ನೂ ಜೊತೆಗಿದ್ದರೆ ಇಷ್ಟು ಅಂಕ ಎಂದು ಧಾರವಾಡದವನೇ ಒಂದು ಸೂತ್ರ ಬರೆದ, ಮಂಡ್ಯದವನು ಅದರಲ್ಲಿ ಟೈರ್ ಪಂಕ್ಚರಿಗೆ ಮೈನಸ್ ಸೇರಿಸಿದ. ನಮ್ಮ ಟೈರಿಗೆ ನಾವೇ ಹೊಡೆದುಕೊಂಡರೆ ಮೈನಸ್ ಯಾಕೆ ಅಂತ ನಾನು. ರಾತ್ರಿ ಹನ್ನೊಂದೂವರೆವರೆಗೂ ಜಗಳ ನಡೆಯಿತು, ಕೊನೆಗೆ ವಾರ್ಡನ್ ಬಂದು ಲೈಟ್ ಆರಿಸಿದರು. ಐನೂರು ರೂಪಾಯಿಯ ಬಹುಮಾನಕ್ಕೆ ಪ್ರಾಯೋಜಕರು ಇನ್ನೂ ಸಿಕ್ಕಿಲ್ಲ.